ಮಾರುವವನೇ ಪರೀಕ್ಷಕ

ಪರದೆಯ ಮೇಲೆ ನಟನೊಬ್ಬನ ಬಾಲ್ಯದ ಫೋಟೊ ಮೂಡುತ್ತದೆ. ಹತ್ತನೇ ತರಗತಿಯ ಹುಡುಗಿ ಬಜರ್ ಒತ್ತಿ ಹೆಸರು ಹೇಳುತ್ತಾಳೆ, ಹತ್ತು ಅಂಕ. ಹಾಡೊಂದರ ಮೊದಲ ತುಣುಕು ಕೇಳಿಸುತ್ತದೆ, ಪಲ್ಲವಿ ಬರುವ ಮುಂಚೆಯೇ ಎದುರು ತಂಡದ ಹುಡುಗ ಚಿತ್ರ, ನಾಯಕಿ, ಸಂಗೀತ ನಿರ್ದೇಶಕ ಎಲ್ಲವನ್ನೂ ಒಪ್ಪಿಸುತ್ತಾನೆ, ಮತ್ತೆ ಹತ್ತು. ಯಾವ ಕ್ರಿಕೆಟಿಗ ಯಾವ ನಟಿಯನ್ನು ಮದುವೆಯಾದ, ಯಾವ ಧಾರಾವಾಹಿಯ ಅತ್ತೆಯ ಹೆಸರೇನು, ಯಾವ ಚಿತ್ರ ಮೊದಲ ವಾರ ಎಷ್ಟು ಕೋಟಿ ಗಳಿಸಿತು, ಯಾವ ರಿಯಾಲಿಟಿ ಷೋದಿಂದ ಯಾರು ಯಾವ ವಾರ ಹೊರಬಿದ್ದರು? ಮಕ್ಕಳು ಒಂದನ್ನೂ ತಪ್ಪುವುದಿಲ್ಲ. ಮುಂದಿನ ಸಾಲುಗಳಲ್ಲಿ ಕುಳಿತ ತಂದೆತಾಯಂದಿರು ಎದ್ದು ನಿಂತು ಚಪ್ಪಾಳೆ ತಟ್ಟುತ್ತಾರೆ. ಹದಿಹರೆಯದವರಿಗೆಂದು ಟಿವಿಯಲ್ಲಿ, ಯೂಟ್ಯೂಬಿನಲ್ಲಿ, ಶಾಲೆಯ ವಾರ್ಷಿಕೋತ್ಸವದ ವೇದಿಕೆಯಲ್ಲಿ ನಡೆಯುವ ಸಿನಿಮಾ, ಕ್ರಿಕೆಟ್, ಸೀರಿಯಲ್ಲುಗಳ ರಸಪ್ರಶ್ನೆ ಇರುವುದೇ ಹೀಗೆ. ಆಡುವ ಮಕ್ಕಳ ಮೇಲೆ ನನಗೆ ದೂರಿಲ್ಲ. ನನ್ನ ದೂರೆಲ್ಲ ಆ ಚಪ್ಪಾಳೆಯ ಮೇಲೆ.

ಆ ಮಕ್ಕಳ ನೆನಪಿನ ಶಕ್ತಿಯನ್ನು ಒಮ್ಮೆ ಗಮನಿಸಿ. ನೂರಾರು ಹೆಸರು, ದಿನಾಂಕ, ಮುಖ, ರಾಗ, ಸಂಭಾಷಣೆ. ಎಲ್ಲಿ ಮುಟ್ಟಿದರೂ ತಕ್ಷಣ ಉತ್ತರ. ಇದೇ ವಯಸ್ಸಿನಲ್ಲಿ ಹಿಂದಿನ ತಲೆಮಾರಿನ ಮಕ್ಕಳು ಮಗ್ಗಿ, ಷಟ್ಪದಿ, ವಚನ, ಊರಿನ ಗಿಡಮರಗಳ ಹೆಸರು, ನದಿಗಳ ಹುಟ್ಟು, ಮಳೆ ನಕ್ಷತ್ರಗಳ ಸಾಲನ್ನು ಇಟ್ಟುಕೊಂಡಿದ್ದದ್ದು ಇದೇ ಶಕ್ತಿಯಲ್ಲಿ. ಶಕ್ತಿ ಕುಂದಿಲ್ಲ. ಅದರೊಳಗೆ ಏನು ತುಂಬಬೇಕೆಂದು ತೀರ್ಮಾನಿಸುವ ಕೆಲಸವನ್ನು ನಾವು ಬಿಟ್ಟುಕೊಟ್ಟಿದ್ದೇವೆ. ಯಾರಿಗೆ ಬಿಟ್ಟುಕೊಟ್ಟೆವು ಎಂಬುದೂ ನಮಗೆ ಗೊತ್ತು. ಯಾವ ಚಾನೆಲ್ಲಿಗೆ ಯಾವ ಧಾರಾವಾಹಿ ಮಾರಬೇಕಿದೆಯೋ, ಯಾವ ನಿರ್ಮಾಪಕನಿಗೆ ಯಾವ ಚಿತ್ರದ ಪ್ರಚಾರ ಬೇಕಿದೆಯೋ, ಯಾವ ಕಂಪನಿಗೆ ಯಾವ ಆಟಗಾರನ ಮುಖ ಜಾಹೀರಾತಿಗೆ ಬೇಕಿದೆಯೋ ಅವರಿಗೆ.

ಈ ಬಗೆಯ ಆಟಕ್ಕೆ ಹಳೆಯದೊಂದು ಉದಾಹರಣೆ ಇದೆ. ಅಮೆರಿಕದ ಎಂಟಿವಿ ಶುರುವಾದದ್ದು 1981ರಲ್ಲಿ, ಹಾಡಿನ ವಿಡಿಯೊಗಳ ಚಾನೆಲ್ಲಾಗಿ. 1987ರ ಡಿಸೆಂಬರಿನಲ್ಲಿ ಅದು ತನ್ನ ಮೊದಲ ಗೇಮ್ ಷೋ ತಂದಿತು. ಹೆಸರು ‘ರಿಮೋಟ್ ಕಂಟ್ರೋಲ್’. ನಡೆಸಿಕೊಡುತ್ತಿದ್ದವನು ಕೆನ್ ಓಬರ್. ಮನೆಯೊಂದರ ನೆಲಮಾಳಿಗೆಯಂತೆ ಕಟ್ಟಿದ ಸೆಟ್ಟು. ಒರಗಿ ಕೂರುವ ಮೆತ್ತನೆಯ ಕುರ್ಚಿಗಳಲ್ಲಿ ಮೂವರು ಕಾಲೇಜು ವಿದ್ಯಾರ್ಥಿಗಳು. ಎದುರಿಗೆ ದೊಡ್ಡದೊಂದು ಟಿವಿ. ಚಾನೆಲ್ ಆರಿಸಿದರೆ ಪ್ರಶ್ನೆ ಬರುತ್ತಿತ್ತು. ಹಳೆಯ ಧಾರಾವಾಹಿ, ಹಾಡು, ಜಾಹೀರಾತು, ನಟರು. ಒಟ್ಟಿನಲ್ಲಿ ಟಿವಿಯ ಮುಂದೆ ಕುಳಿತು ಬೆಳೆದವರಿಗೆ ಟಿವಿಯ ಮೇಲೆಯೇ ಪರೀಕ್ಷೆ. ಸೋತವರನ್ನು ಬೆಲ್ಟು ಬಿಗಿದ ಕುರ್ಚಿಯ ಸಮೇತ ಗೋಡೆಯ ಆಚೆಗೆ ಎಳೆದು ಹಾಕುತ್ತಿದ್ದರು. ಪ್ರೇಕ್ಷಕರು ಕೇಕೆ ಹಾಕುತ್ತಿದ್ದರು. ಟಿವಿ ಎಲ್ಲವನ್ನೂ, ಶಿಕ್ಷಣವನ್ನೂ ರಾಜಕೀಯವನ್ನೂ ಕೂಡ, ಮನರಂಜನೆಯಾಗಿ ಮಾರ್ಪಡಿಸುತ್ತಿದೆ ಎಂದು ನೀಲ್ ಪೋಸ್ಟ್‌ಮನ್ ‘ಅಮ್ಯೂಸಿಂಗ್ ಅವರ್‌ಸೆಲ್ವ್ಸ್ ಟು ಡೆತ್’ ಎಂಬ ಪುಸ್ತಕ ಬರೆದು ಎಚ್ಚರಿಸಿದ್ದು ಅದಕ್ಕೂ ಎರಡು ವರ್ಷ ಮೊದಲು, 1985ರಲ್ಲಿ. ಎಚ್ಚರಿಕೆ ಎಲ್ಲರಿಗೂ ಕೇಳಿಸಿತ್ತು. ಆ ಷೋ ಮೂರು ವರ್ಷಕ್ಕೆ ನಿಂತಿತು. ಅದರ ಮಾದರಿ ಮಾತ್ರ ನಿಲ್ಲಲಿಲ್ಲ. ಅಂಥ ಆಟ ನಮ್ಮ ಮನೆಗೂ ಬಂತು.

ನಮ್ಮಲ್ಲಿ ರಸಪ್ರಶ್ನೆ ಹೀಗೆ ಶುರುವಾಗಿರಲಿಲ್ಲ. 1972ರಲ್ಲಿ ಹಮೀದ್ ಸಯಾನಿ ರೇಡಿಯೊದಲ್ಲಿ ನಡೆಸಿಕೊಟ್ಟ ಬೋರ್ನ್‌ವಿಟಾ ಕ್ವಿಜ್ ಕಾಂಟೆಸ್ಟನ್ನು ಅವರ ನಂತರ ತಮ್ಮ ಅಮೀನ್ ಸಯಾನಿ ಮುಂದುವರಿಸಿದರು. 1992ರಲ್ಲಿ ಅದು ಡೆರೆಕ್ ಒಬ್ರಿಯಾನ್ ಅವರೊಂದಿಗೆ ಟಿವಿಗೆ ಬಂತು. 1985ರಲ್ಲಿ ಸಿದ್ಧಾರ್ಥ ಬಸು ದೂರದರ್ಶನದಲ್ಲಿ ‘ಕ್ವಿಜ್ ಟೈಮ್’ ನಡೆಸಿದರು. ಬೆಂಗಳೂರಿನಲ್ಲಿ 1983ರಲ್ಲೇ ಕರ್ನಾಟಕ ಕ್ವಿಜ್ ಅಸೋಸಿಯೇಷನ್ ಹುಟ್ಟಿಕೊಂಡಿತ್ತು. ಬೋರ್ನ್‌ವಿಟಾದ ಪ್ರಾಯೋಜನೆ ವ್ಯಾಪಾರವೇ, ಅನುಮಾನವಿಲ್ಲ. ಆದರೆ ಅಲ್ಲಿ ಬೋರ್ನ್‌ವಿಟಾದ ಬಗ್ಗೆ ಪ್ರಶ್ನೆ ಕೇಳುತ್ತಿರಲಿಲ್ಲ. ಭೂಗೋಳ, ವಿಜ್ಞಾನ, ಇತಿಹಾಸ, ಸಾಹಿತ್ಯ, ಆಟೋಟ ಎಂದು ಹರಡಿಕೊಂಡಿದ್ದ ಆ ಪ್ರಶ್ನೆಗಳಿಗೆ ಉತ್ತರ ಹೇಳಬೇಕಾದರೆ ಮಗು ಎಲ್ಲಾದರೂ ಹೋಗಿ ಏನಾದರೂ ಹುಡುಕಿ ಓದಿರಲೇಬೇಕಿತ್ತು. ಮನೆಯಲ್ಲಿ ಅಟ್ಲಾಸ್ ಇರಬೇಕು, ಇಲ್ಲವೆ ಊರಿನ ಲೈಬ್ರರಿಯ ಗುಮಾಸ್ತರ ಪರಿಚಯವಿರಬೇಕು, ಇಲ್ಲವೆ ಪ್ರಶ್ನೆ ಕೇಳಿದರೆ ಸಿಡಿಮಿಡಿಗೊಳ್ಳದ ಮೇಷ್ಟರೊಬ್ಬರು ಸಿಕ್ಕಿರಬೇಕು.

ಆ ಕಾಲದ ಕ್ವಿಜ್ಜಿಗೆ ದೊಡ್ಡದೊಂದು ಕೊರತೆ ಇತ್ತೆಂಬುದನ್ನು ಮುಚ್ಚಿಡಬಾರದು. ಅದು ಬಹುಮಟ್ಟಿಗೆ ಇಂಗ್ಲಿಷ್ ಬಲ್ಲ ನಗರದ ಶಾಲೆಗಳ ಆಟವಾಗಿತ್ತು. ಹಾವೇರಿಯ, ಸಿಂಧನೂರಿನ, ಚನ್ನರಾಯಪಟ್ಟಣದ ಸರ್ಕಾರಿ ಶಾಲೆಯ ಹುಡುಗ ಅದನ್ನು ಕಿಟಕಿಯಾಚೆಯಿಂದ ನೋಡಬೇಕಿತ್ತು. ಈಗಿನ ಸಿನಿಮಾ ಕ್ವಿಜ್ಜಿನ ಸಮರ್ಥಕರು ಇದನ್ನೇ ಹಿಡಿದು ವಾದಿಸುತ್ತಾರೆ: ಟಿವಿ ಎಲ್ಲರ ಮನೆಯಲ್ಲೂ ಇದೆ, ಸಿನಿಮಾ ಎಲ್ಲರೂ ನೋಡುತ್ತಾರೆ, ಹಾಗಾಗಿ ಇಲ್ಲಿ ಬಡವರ ಮಕ್ಕಳೂ ಗೆಲ್ಲಬಹುದು. ಕೇಳಲು ಹಿತವಾದ ವಾದ. ಆದರೆ ಇದರ ಒಳಗಿರುವುದು ಬಡವರ ಮಕ್ಕಳ ಬಗೆಗಿನ ತಿರಸ್ಕಾರ. ನಿನಗೆ ನಕ್ಷತ್ರಗಳ ವಿಷಯ, ಸಂವಿಧಾನದ ವಿಷಯ ತಿಳಿಸಿಕೊಡುವ ಕಷ್ಟ ನಮಗೆ ಬೇಡ, ಹೇಗೂ ನಿನ್ನ ಮನೆಗೆ ಪುಕ್ಕಟೆಯಾಗಿ ಬಂದು ಬೀಳುವ ಸೀರಿಯಲ್ಲಿನಲ್ಲೇ ಪರೀಕ್ಷೆ ಮಾಡಿ ಬಹುಮಾನ ಕೊಡುತ್ತೇವೆ, ಸಂತೋಷಪಡು ಎಂದು ಹೇಳಿದಂತೆ.

ಬಡ ಮಗುವಿಗೆ, ಕನ್ನಡ ಶಾಲೆಯ ಮಗುವಿಗೆ ಗೌರವದಿಂದ ಬಾಗಿಲು ತೆರೆಯುವುದು ಹೇಗೆಂದು ತೋರಿಸಿಕೊಟ್ಟವರೂ ನಮ್ಮಲ್ಲೇ ಇದ್ದಾರೆ. 2002ರ ಜನವರಿ 4ರಂದು ಬೆಂಗಳೂರು ದೂರದರ್ಶನದ ಚಂದನ ವಾಹಿನಿಯಲ್ಲಿ ‘ಥಟ್ ಅಂತ ಹೇಳಿ’ ಶುರುವಾಯಿತು. ನಡೆಸಿಕೊಟ್ಟವರು ವೃತ್ತಿಯಿಂದ ವೈದ್ಯರಾದ ಡಾ. ನಾ. ಸೋಮೇಶ್ವರ. ಕಣ್ಣು ಕುಕ್ಕುವ ದೀಪಗಳಿಲ್ಲ, ಎದೆ ನಡುಗಿಸುವ ಹಿನ್ನೆಲೆ ಸಂಗೀತವಿಲ್ಲ, ಕೋಟಿ ರೂಪಾಯಿಯ ಚೆಕ್ಕಿಲ್ಲ. ಶುದ್ಧ ಕನ್ನಡದಲ್ಲಿ ಪ್ರಶ್ನೆ. ಸರಿಯುತ್ತರಕ್ಕೆ ಕನ್ನಡ ಪುಸ್ತಕವೇ ಬಹುಮಾನ. ಶಾಲಾ ಮಾಸ್ತರರು, ಗೃಹಿಣಿಯರು, ವಿದ್ಯಾರ್ಥಿಗಳು, ಬ್ಯಾಂಕಿನ ನೌಕರರು ಬಂದು ಕುಳಿತರು. ಉತ್ತರ ತಪ್ಪಿದರೆ ಅವಮಾನವಿರಲಿಲ್ಲ. ಸರಿಯುತ್ತರದ ಜೊತೆಗೆ ಅದರ ಹಿನ್ನೆಲೆಯನ್ನೂ ವಿವರಿಸುವ ತಾಳ್ಮೆ ಇತ್ತು. ಮೂರು ಸಾವಿರಕ್ಕೂ ಹೆಚ್ಚು ಕಂತುಗಳನ್ನು ದಾಟಿದ ಈ ಕಾರ್ಯಕ್ರಮದ ಮುಂದೆ ರಾತ್ರಿ ಊಟದ ಹೊತ್ತಿಗೆ ಮಂದಿಯೆಲ್ಲ ಕುಳಿತು ತಾವೂ ಉತ್ತರ ಹೇಳುತ್ತಿದ್ದ ಮನೆಗಳು ನಾಡಿನಲ್ಲಿ ಬಹಳ ಇದ್ದವು. ನಾವು ಅದಕ್ಕೆ ಕೊಟ್ಟ ಮರ್ಯಾದೆ ಎಂಥದ್ದು? ಬಾಯಿ ತುಂಬ ಹೊಗಳಿದೆವು, ರಿಮೋಟ್ ಒತ್ತಿ ಬೇರೆ ಚಾನೆಲ್ಲಿಗೆ ಹೋದೆವು. ಒಳ್ಳೆಯದು ಯಾವುದೆಂದು ನಮಗೆ ತಿಳಿದಿರಲಿಲ್ಲ ಎಂದು ಹೇಳುವ ಹಕ್ಕನ್ನು ಅಂದೇ ಕಳೆದುಕೊಂಡೆವು.

2000ನೇ ಇಸವಿಯಲ್ಲಿ ‘ಕೌನ್ ಬನೇಗಾ ಕರೋಡ್‌ಪತಿ’ ಬಂತು. 2012ರಲ್ಲಿ ಪುನೀತ್ ರಾಜ್‌ಕುಮಾರ್ ಅವರ ‘ಕನ್ನಡದ ಕೋಟ್ಯಧಿಪತಿ’. ಅವುಗಳಿಂದ ಮಧ್ಯಮವರ್ಗದ, ಹಳ್ಳಿಯ ಅನೇಕರು ಸಾಮಾನ್ಯ ಜ್ಞಾನದ ಪುಸ್ತಕ ಕೈಗೆತ್ತಿಕೊಂಡದ್ದು ನಿಜ, ಅದನ್ನು ಅಲ್ಲಗಳೆಯುವುದು ಅನ್ಯಾಯ. ಆದರೆ ಪ್ರಶ್ನೆಗೆ ಬೆಲೆಚೀಟಿ ಅಂಟಿಸುವುದು ಅಲ್ಲಿಂದ ರೂಢಿಯಾಯಿತು. ಉತ್ತರ ಗೊತ್ತಾದರೆ ಎಷ್ಟು ಸಿಗುತ್ತದೆ ಎಂದು ಮಕ್ಕಳು ಕೇಳಲು ಕಲಿತರು. ನಾವೇ ಕಲಿಸಿದೆವು.

ಇಷ್ಟು ಹೇಳಿದ್ದಕ್ಕೆ, ಜನಪ್ರಿಯ ಸಂಸ್ಕೃತಿಯನ್ನೇ ಕೀಳಾಗಿ ಕಾಣುವವನು ಇವನು ಎಂದು ಯಾರಾದರೂ ಭಾವಿಸಿದರೆ ಅವರು ಕನ್ನಡ ಸಿನಿಮಾದ ಚರಿತ್ರೆಯನ್ನೊಮ್ಮೆ ತಿರುವಿ ನೋಡಬೇಕು. ಪುಟ್ಟಣ್ಣ ಕಣಗಾಲರ ‘ಗೆಜ್ಜೆಪೂಜೆ’ ಎಂ.ಕೆ. ಇಂದಿರಾ ಅವರ ಕಾದಂಬರಿಯಿಂದ ಬಂದದ್ದು. ‘ಶರಪಂಜರ’ ತ್ರಿವೇಣಿಯವರದು. ‘ಬಂಗಾರದ ಮನುಷ್ಯ’ ಟಿ.ಕೆ. ರಾಮರಾವ್ ಅವರದು. ‘ಎರಡು ಕನಸು’ ವಾಣಿಯವರದು. ‘ನಾಗರಹಾವು’ ತ.ರಾ.ಸು. ಅವರ ಮೂರು ಕಾದಂಬರಿಗಳನ್ನು ಹೆಣೆದು ಮಾಡಿದ ಚಿತ್ರ. ಆಗ ಜನಪ್ರಿಯತೆಗೂ ಓದಿಗೂ ನಡುವೆ ಓಡಾಟವಿತ್ತು. ಸಿನಿಮಾ ನೋಡಿ ಬಂದ ಹೆಣ್ಣುಮಕ್ಕಳು ಸರ್ಕ್ಯುಲೇಟಿಂಗ್ ಲೈಬ್ರರಿಗೆ ಹೋಗಿ ಕಾದಂಬರಿ ತರುತ್ತಿದ್ದರು. ಕಾದಂಬರಿ ಓದಿದವರು ಥಿಯೇಟರಿಗೆ ಹೋಗಿ, ಪುಸ್ತಕದಲ್ಲಿದ್ದದ್ದು ತೆರೆಯ ಮೇಲೆ ಏಕೆ ಬದಲಾಯಿತೆಂದು ಮನೆಯಲ್ಲಿ ಜಗಳವಾಡುತ್ತಿದ್ದರು. ಕಾಯಿಲೆ ವಾಸಿಯಾಗಿ ಮನೆಗೆ ಮರಳಿದ ಕಾವೇರಿಯನ್ನು ಊರೂ ಮನೆಯೂ ಏಕೆ ಒಪ್ಪಲಿಲ್ಲ ಎಂಬುದು ‘ಶರಪಂಜರ’ ನಮ್ಮ ಮುಂದಿಟ್ಟ ಪ್ರಶ್ನೆ. ಮನೋರೋಗದ ಬಗ್ಗೆ ನಾಡು ಬಾಯಿಬಿಟ್ಟು ಮಾತನಾಡಲು ಹೆದರುತ್ತಿದ್ದ ಕಾಲದಲ್ಲಿ ಒಂದು ಕಾದಂಬರಿ, ಒಂದು ಸಿನಿಮಾ ಆ ಕೆಲಸ ಮಾಡಿದವು. ಇಂದಿನ ರಸಪ್ರಶ್ನೆಯಲ್ಲಿ ಆ ಚಿತ್ರ ಬಂದರೂ ಬರುವುದು ಹೀಗೆ: ನಾಯಕಿ ಯಾರು, ಯಾವ ವರ್ಷ, ಈ ಹಾಡು ಹಾಡಿದವರು ಯಾರು, ನಾಲ್ಕರಲ್ಲಿ ಒಂದನ್ನು ಆರಿಸಿ. ಗೊತ್ತಿದ್ದರೆ ಹತ್ತು ಅಂಕ, ಗೊತ್ತಿಲ್ಲದಿದ್ದರೆ ಮುಂದಿನ ಪ್ರಶ್ನೆ. ಕಾವೇರಿಗೆ ಏನಾಯಿತೆಂದು ಕೇಳುವವರಿಲ್ಲ.

ಹತ್ತಿರದ ಉದಾಹರಣೆಯೂ ಇದೆ. 2022ರಲ್ಲಿ ‘ಕಾಂತಾರ’ ಬಂತು. ಅದೆಷ್ಟು ಕೋಟಿ ಗಳಿಸಿತು, ಯಾವ್ಯಾವ ಭಾಷೆಗೆ ಡಬ್ ಆಯಿತು ಎಂದು ಕೇಳಿದರೆ ನಮ್ಮ ಮಕ್ಕಳು ನಿದ್ದೆಗಣ್ಣಿನಲ್ಲೂ ಹೇಳುತ್ತಾರೆ. ಆ ಚಿತ್ರದ ನಡುಬೆನ್ನು ಇರುವುದು ಕಾಡಂಚಿನ ಜನರ ಭೂಮಿಯ ಮೇಲಿನ ಹಕ್ಕಿನಲ್ಲಿ, ತುಳುನಾಡಿನ ದೈವಾರಾಧನೆಯಲ್ಲಿ. ಪಂಜುರ್ಲಿ ಎಂದರೆ ಯಾರು, ಆ ಆರಾಧನೆಯಲ್ಲಿ ಕೋಲ ಕಟ್ಟುವವರು ಯಾವ ಸಮುದಾಯಗಳವರು, ವೇಷ ಕಳಚಿದ ಮೇಲೆ ಅವರ ಬದುಕು ಹೇಗಿರುತ್ತದೆ, ಅರಣ್ಯ ಇಲಾಖೆಗೂ ಕಾಡಿನ ಜನರಿಗೂ ಜಗಳ ಏಕೆ ಎಂದು ಮಕ್ಕಳು ಕೇಳಬಹುದಿತ್ತು. ಚಿತ್ರ ಬಂದ ಮೇಲೆ ರಾಜ್ಯ ಸರ್ಕಾರ 60 ವರ್ಷ ದಾಟಿದ ದೈವನರ್ತಕರಿಗೆ ತಿಂಗಳಿಗೆ 2,000 ರೂಪಾಯಿ ಮಾಸಾಶನ ಘೋಷಿಸಿತು. ಗಳಿಕೆಯ ಕೋಟಿಗಳನ್ನು ಬಾಯಿಪಾಠ ಮಾಡಿದ ಮಗುವಿಗೆ ಈ ಎರಡು ಸಾವಿರದ ಸಂಗತಿ ತಿಳಿದಿರುವುದಿಲ್ಲ. ತಿಳಿಸುವವರು ನಾವಾಗಬೇಕಿತ್ತು. ಥಿಯೇಟರಿನಿಂದ ಮನೆಗೆ ಬರುವ ಕಾರಿನಲ್ಲಿ, ಬೈಕಿನಲ್ಲಿ, ಬಸ್ಸಿನಲ್ಲಿ ಆ ಮಾತು ಆಡಲು ಅರ್ಧ ಗಂಟೆ ನಮ್ಮ ಕೈಲಿತ್ತು. ಆ ಅರ್ಧ ಗಂಟೆಯನ್ನು ನಮ್ಮ ನಮ್ಮ ಫೋನುಗಳಿಗೆ ಕೊಟ್ಟೆವು.

ಇನ್ನು ಈ ರಸಪ್ರಶ್ನೆಗಳ ಒಳಗುಟ್ಟಿನ ಮಾತು. ಚಾನೆಲ್ಲು ತನ್ನದೇ ಧಾರಾವಾಹಿಯ ಪಾತ್ರಗಳ ಹೆಸರು ಕೇಳುತ್ತದೆ. ಮುಂದಿನ ವಾರ ಬಿಡುಗಡೆಯಾಗುವ ಚಿತ್ರದ ನಾಯಕ ಅತಿಥಿಯಾಗಿ ಬಂದು ಕೂರುತ್ತಾನೆ. ಅವನ ಮೇಲೆಯೇ ಒಂದು ಸುತ್ತು ನಡೆಯುತ್ತದೆ. ಜಾಹೀರಾತಿನ ಸಾಲನ್ನು ಅರ್ಧ ಹೇಳಿ ಉಳಿದರ್ಧವನ್ನು ಮಕ್ಕಳಿಂದ ಹೇಳಿಸುತ್ತಾರೆ. ಸಂತೆಯಲ್ಲಿ ಬದನೆಕಾಯಿ ಮಾರುವವನೇ ತನ್ನ ಬದನೆಕಾಯಿಯನ್ನು ಚೆನ್ನಾಗಿ ಗುರುತಿಸಿದ ಮಗುವಿಗೆ ಜಾಣನೆಂದು ಪ್ರಶಸ್ತಿ ಕೊಟ್ಟಂತೆ ಇದು. ಪ್ರಶಸ್ತಿ ಪಡೆದ ಮಗು ನಾಳೆ ಮತ್ತೆ ಅದೇ ಅಂಗಡಿಗೆ ಹೋಗುತ್ತದೆ. ಪ್ರಶ್ನೆ ಕೇಳುವವನಿಗೂ ಉತ್ತರ ಹೇಳುವವನಿಗೂ ನಡುವೆ ಇರಬೇಕಾದ ನಂಬಿಕೆ ಯಾವುದು? ಕೇಳುವವನಿಗೆ ಉತ್ತರದಿಂದ ಸ್ವಂತ ಲಾಭವಿರಬಾರದು. ಮೇಷ್ಟರು ಹುಡುಗನನ್ನು ಹದಿನಾರರ ಮಗ್ಗಿ ಕೇಳಿದಾಗ ಅವರಿಗೆ ಯಾವ ಲಾಭವೂ ಇರಲಿಲ್ಲ. ಈಗ ಮಗು ಹೇಳುವ ಒಂದೊಂದು ಸರಿಯುತ್ತರವೂ, ತಾನು ಒಬ್ಬ ಗಮನವಿಟ್ಟು ನೋಡಿದ ಗಿರಾಕಿ ಎಂಬುದಕ್ಕೆ ಅದು ಸಲ್ಲಿಸುವ ಪುರಾವೆ. ಇದನ್ನು ಪ್ರತಿಭೆ ಎಂದು ಕರೆಯಲು ನಮಗೆ ನಾಚಿಕೆಯಾಗಬೇಕು.

ಕಾರ್ಯಕ್ರಮ ನಡೆಸುವವರಿಗಿಂತ ನಮ್ಮ ಹೊಣೆ ಹೆಚ್ಚಿನದು. ಅವರು ವ್ಯಾಪಾರ ಮಾಡುತ್ತೇವೆಂದೇ ಬಂದವರು. ನಾವು ಮಕ್ಕಳನ್ನು ಸಾಕುತ್ತೇವೆಂದು ಹೊರಟವರು. ಆಡಿಷನ್ನಿಗೆ ಮಗುವನ್ನು ರಜೆ ಹಾಕಿಸಿ ಕರೆದೊಯ್ದವರು ಯಾರು? ಮನೆಗೆ ನೆಂಟರು ಬಂದಾಗ, ‘ಇವಳಿಗೆ ಎಲ್ಲ ಹೀರೋಗಳ ಬರ್ತ್‌ಡೇ ಗೊತ್ತು, ಕೇಳಿ ನೋಡಿ’ ಎಂದು ಹೆಮ್ಮೆಯಿಂದ ಮುಂದೆ ನಿಲ್ಲಿಸಿದವರು ಯಾರು? ಹೆಡ್‌ಮಾಸ್ತರರು ವಾರ್ಷಿಕೋತ್ಸವಕ್ಕೆ ‘ಬೋರ್ ಹೊಡೆಸದ’ ಕ್ವಿಜ್ ಬೇಕೆಂದಾಗ, ಹಿಂದಿನ ರಾತ್ರಿ ಫೋನಿನಿಂದ ಐವತ್ತು ಪ್ರಶ್ನೆ ಇಳಿಸಿಕೊಂಡು ಬಂದ ಶಿಕ್ಷಕರು ಯಾರು? ಯುವಜನರ ಪುಟವೆಂದು ಹೆಸರಿಟ್ಟು ತಾರೆಯರ ಉಡುಪು, ಪ್ರೇಮ, ವಿಚ್ಛೇದನಗಳ ಸುದ್ದಿ ತುಂಬಿದ ಪತ್ರಿಕೆಯವರು ಯಾರು? ಬರೆಯುವವರೂ ಈ ಸಾಲಿನಿಂದ ಹೊರಗಿಲ್ಲ. ಕೇಳಿದರೆ ಸಮಾಧಾನಗಳು ಸಿದ್ಧವಾಗಿವೆ. ಮಕ್ಕಳಿಗೆ ಓದಿನ ಒತ್ತಡ ಜಾಸ್ತಿ, ಸ್ವಲ್ಪ ಹಗುರಾಗಲಿ. ಸ್ಟೇಜ್ ಮೇಲೆ ನಿಂತರೆ ಧೈರ್ಯ ಬರುತ್ತದೆ. ಕಾಲ ಬದಲಾಗಿದೆ. ಎಲ್ಲ ಮಕ್ಕಳೂ ನೋಡುತ್ತಾರೆ, ನಮ್ಮ ಮಗುವೊಂದೇ ನೋಡದಿದ್ದರೆ ಗೆಳೆಯರ ನಡುವೆ ಒಂಟಿಯಾಗುತ್ತದೆ. ಈ ಒಂದೊಂದು ಮಾತಿನ ಹಿಂದೆಯೂ ಆಡದ ಮಾತೊಂದಿದೆ: ಮಗು ಪರದೆಯ ಮುಂದಿದ್ದರೆ ನಮಗೆ ಆರಾಮ.

ಈ ಆರಾಮದ ಬೆಲೆ ಎಷ್ಟೆಂಬುದಕ್ಕೆ ಲೆಕ್ಕಗಳಿವೆ. 14ರಿಂದ 18 ವರ್ಷದ ಗ್ರಾಮೀಣ ಹುಡುಗ ಹುಡುಗಿಯರ ಬಗ್ಗೆ ಪ್ರಥಮ್ ಸಂಸ್ಥೆ 2023ರಲ್ಲಿ ದೇಶದ 26 ರಾಜ್ಯಗಳಲ್ಲಿ ಅಸರ್ ಸಮೀಕ್ಷೆ ನಡೆಸಿತು. ಸುಮಾರು ನಾಲ್ವರಲ್ಲಿ ಒಬ್ಬರಿಗೆ ತಮ್ಮ ಭಾಷೆಯ ಎರಡನೇ ತರಗತಿ ಮಟ್ಟದ ಪಠ್ಯವನ್ನು ಸರಾಗವಾಗಿ ಓದಲು ಬರಲಿಲ್ಲ. ಮೂರಂಕಿಯ ಸಂಖ್ಯೆಯನ್ನು ಒಂದಂಕಿಯಿಂದ ಭಾಗಿಸುವ ಲೆಕ್ಕ ಅರ್ಧಕ್ಕಿಂತ ಹೆಚ್ಚು ಮಂದಿಗೆ ಬರಲಿಲ್ಲ. ಅದೇ ಸಮೀಕ್ಷೆಯಲ್ಲಿ, ಮನೆಯಲ್ಲಿ ಸ್ಮಾರ್ಟ್‌ಫೋನ್ ಇದ್ದು ಅದನ್ನು ಬಳಸಲು ಬಲ್ಲವರು ಶೇ 90ರ ಸನಿಹ. ಮರುವರ್ಷದ ಅಸರ್ ವರದಿ 14ರಿಂದ 16ರ ವಯಸ್ಸಿನವರನ್ನು ಕೇಳಿತು: ಹಿಂದಿನ ವಾರ ಫೋನನ್ನು ಯಾವುದಕ್ಕೆ ಬಳಸಿದಿರಿ? ಕಲಿಕೆಗೆ ಎಂದವರು ಶೇ 57, ಸಾಮಾಜಿಕ ಜಾಲತಾಣಕ್ಕೆ ಎಂದವರು ಶೇ 76ರಷ್ಟು. ಭಾಗಾಕಾರ ಬಾರದ ಹುಡುಗನಿಗೆ ಬಾಕ್ಸ್ ಆಫೀಸ್ ಕೋಟಿಗಳು ಬಾಯಲ್ಲಿವೆ. ಮಾತೃಭಾಷೆಯ ಎರಡನೇ ತರಗತಿಯ ಪಾಠ ತಡವರಿಸುವ ಹುಡುಗಿಗೆ ಹಾಡಿನ ತುಣುಕು ಸಾಕು. ಮಕ್ಕಳು ದಡ್ಡರೆಂದು ಈ ಅಂಕಿಗಳು ಹೇಳುತ್ತಿಲ್ಲ. ಕಲಿಯಬಲ್ಲ ಮಕ್ಕಳ ಮುಂದೆ ಕಲಿಯತಕ್ಕದ್ದನ್ನು ಇಡಲಿಲ್ಲವೆಂದು ಹೇಳುತ್ತಿವೆ.

ನಮ್ಮದೇ ರಾಜ್ಯದ ಎಸ್ಸೆಸ್ಸೆಲ್ಸಿಯನ್ನು ನೋಡಿ. 2023ರಲ್ಲಿ ಶೇ 83.89 ಫಲಿತಾಂಶ ಬಂದಾಗ ಸಿಹಿ ಹಂಚಿದೆವು. 2024ರಲ್ಲಿ ಪರೀಕ್ಷಾ ಕೊಠಡಿಗಳಿಗೆ ವೆಬ್‌ಕಾಸ್ಟಿಂಗ್ ಕ್ಯಾಮೆರಾ ಬಂತು. ಫಲಿತಾಂಶ ಶೇ 73.40ಕ್ಕೆ ಇಳಿಯಿತು, ಅದೂ ಕೃಪಾಂಕವನ್ನು ಶೇ 10ರಿಂದ 20ಕ್ಕೆ ಏರಿಸಿದ ಮೇಲೆ. ಕ್ಯಾಮೆರಾ ಇಟ್ಟದ್ದಕ್ಕೆ ಬೇಸರಪಟ್ಟವರು ಬಹಳ ಮಂದಿ. ಅದಕ್ಕೂ ಮೊದಲು ನಾವು ಯಾವುದಕ್ಕೆ ಸಿಹಿ ಹಂಚಿದ್ದೆವು ಎಂದು ಕೇಳಿಕೊಂಡವರು ಕಡಿಮೆ. ತಿಳಿವಳಿಕೆ ಇದೆಯೋ ಇಲ್ಲವೋ, ಅಂಕ ಬಂದರೆ ಸಾಕು, ಚಪ್ಪಾಳೆ ಬಿದ್ದರೆ ಸಾಕು. ರಸಪ್ರಶ್ನೆಯ ವೇದಿಕೆಯ ಬಳಿ ಎದ್ದು ನಿಂತು ತಟ್ಟಿದ ಕೈಗಳೂ, ನಕಲು ಮಾಡಿದ ಅಂಕಕ್ಕೆ ಪೇಡೆ ಹಂಚಿದ ಕೈಗಳೂ ಒಂದೇ ಮನೆಯವು.

ಈ ನಾಡಿನಲ್ಲಿ ಮಕ್ಕಳ ತಿಳಿವಳಿಕೆಯನ್ನು ತಮ್ಮ ಸ್ವಂತ ಹೊಣೆಯೆಂದು ತಿಳಿದ ಹಿರಿಯರಿದ್ದರು. ಶಿವರಾಮ ಕಾರಂತರು 1936ರಲ್ಲಿ ‘ಬಾಲ ಪ್ರಪಂಚ’ವನ್ನು ಮೂರು ಸಂಪುಟಗಳಲ್ಲಿ ತಂದರು. ವಿಶ್ವವಿದ್ಯಾಲಯದ ಬೆಂಬಲವಿಲ್ಲ, ಸಂಪಾದಕ ಮಂಡಳಿಯಿಲ್ಲ. ಕನ್ನಡದ ಮಗುವಿಗೆ ಲೋಕವೆಲ್ಲ ಕನ್ನಡದಲ್ಲೇ ತಿಳಿಯಬೇಕೆಂಬ ಒಂದೇ ಹಟ. ಸಾಲದೆಂದು ಮುಂದೆ ‘ವಿಜ್ಞಾನ ಪ್ರಪಂಚ’ದ ನಾಲ್ಕು ಸಂಪುಟ ಬರೆದರು. ಎಪ್ಪತ್ತರ ದಶಕದಲ್ಲಿ ನಿರಂಜನರು ಕಿರಿಯರ ವಿಶ್ವಕೋಶ ‘ಜ್ಞಾನ ಗಂಗೋತ್ರಿ’ಯನ್ನು ಏಳು ಸಂಪುಟಗಳಲ್ಲಿ ಸಂಪಾದಿಸಿಕೊಟ್ಟರು. ಕಾದಂಬರಿಕಾರರಾಗಿ ಹೆಸರು ಮಾಡಿದವರು ತಮ್ಮ ಬರವಣಿಗೆಯ ವರ್ಷಗಳನ್ನು ಕಿತ್ತು ಮಕ್ಕಳಿಗೆ ಕೊಟ್ಟರು. ಹಣವಿಲ್ಲದ, ಕಾಗದ ದುಬಾರಿಯಾಗಿದ್ದ, ಮುದ್ರಣಕ್ಕೆ ಒಂದೊಂದು ಮೊಳೆಯನ್ನೂ ಕೈಯಲ್ಲಿ ಜೋಡಿಸಬೇಕಿದ್ದ ಕಾಲದಲ್ಲಿ ಅವರು ಇಷ್ಟು ಮಾಡಿದರು. ಜೇಬಿನಲ್ಲಿ ಇಡೀ ಜಗತ್ತಿನ ಗ್ರಂಥಭಂಡಾರಕ್ಕೆ ದಾರಿಯಿರುವ ನಾವು ಮಕ್ಕಳಿಗೆ ಕೊಟ್ಟಿರುವುದು ಏನು? ‘ಚಂದಮಾಮ’ ನಿಂತಿತು, ನಿಂತ ಮೇಲೆ ನೆನಪುಗಳನ್ನು ಬರೆದು ಕಣ್ಣೀರಿಟ್ಟೆವು, ನಡೆಯುತ್ತಿದ್ದಾಗ ಚಂದಾ ಕಟ್ಟಿರಲಿಲ್ಲ. ಮದುವೆಯ ಉಡುಗೊರೆಗೆ, ನಾಮಕರಣಕ್ಕೆ, ಗೃಹಪ್ರವೇಶಕ್ಕೆ ಸಾವಿರಗಳನ್ನು ಲೆಕ್ಕವಿಲ್ಲದೆ ಖರ್ಚು ಮಾಡುವ ಮನೆಯಲ್ಲಿ ಮಗುವಿಗೊಂದು ಕನ್ನಡ ಪುಸ್ತಕಕ್ಕೆ ಇನ್ನೂರು ರೂಪಾಯಿ ಹೆಚ್ಚಾಗಿ ಕಾಣುತ್ತದೆ.

1965ರ ಸಾರ್ವಜನಿಕ ಗ್ರಂಥಾಲಯ ಕಾಯ್ದೆಯ ಪ್ರಕಾರ ನಮ್ಮ ಆಸ್ತಿ ತೆರಿಗೆಯ ಮೇಲೆ ಶೇ 6ರ ಗ್ರಂಥಾಲಯ ಸೆಸ್ ಇದೆ. ನಾವು ವರ್ಷ ವರ್ಷವೂ ಕಟ್ಟುತ್ತೇವೆ. ಸಂಗ್ರಹಿಸಿದ ನಗರ ಸ್ಥಳೀಯ ಸಂಸ್ಥೆಗಳಿಂದ ಅದು ಗ್ರಂಥಾಲಯ ಇಲಾಖೆಗೆ ಪೂರ್ತಿ ತಲುಪದೆ ಕೋಟಿಗಟ್ಟಲೆ ಬಾಕಿ ಉಳಿಯುವ ಸುದ್ದಿ ಪತ್ರಿಕೆಗಳಲ್ಲಿ ಮತ್ತೆ ಮತ್ತೆ ಬರುತ್ತದೆ. ಆ ದುಡ್ಡು ನಮ್ಮದು, ಆ ಪುಸ್ತಕಗಳು ನಮ್ಮ ಮಕ್ಕಳವು. ಎಲ್ಲಿ ಹೋಯಿತೆಂದು ವಾರ್ಡ್ ಕಚೇರಿಯ ಮುಂದೆ ನಿಂತು ಕೇಳಿದ ತಂದೆತಾಯಂದಿರು ಎಷ್ಟು ಮಂದಿ? ಕೇಬಲ್ ಸಂಪರ್ಕ ಒಂದು ಸಂಜೆ ಕಡಿತಗೊಂಡರೆ ಐದು ನಿಮಿಷದಲ್ಲಿ ಫೋನ್ ಮಾಡಿ ಜಗಳವಾಡುವವರು ನಾವೇ.

ತಾರೆಯ ಜನ್ಮದಿನ ಎಂದೆಂಬುದು ಈ ರಸಪ್ರಶ್ನೆಗಳಲ್ಲಿ ಬರುವ ಅತಿ ಸುಲಭದ ಪ್ರಶ್ನೆ. ಜನವರಿ 8 ನಟ ಯಶ್ ಅವರ ಜನ್ಮದಿನ ಎಂಬುದನ್ನು ತಪ್ಪು ಹೇಳುವ ಹದಿಹರೆಯದವರು ಈ ರಾಜ್ಯದಲ್ಲಿ ಸಿಗುವುದು ಕಷ್ಟ. 2024ರ ಜನವರಿ 8ಕ್ಕೆ ಬೆಳಕು ಹರಿಯುವ ಮುನ್ನ, ಗದಗ ಜಿಲ್ಲೆಯ ಸೂರಣಗಿ ಗ್ರಾಮದಲ್ಲಿ ಆ ದಿನಕ್ಕೆಂದು ಕಟೌಟ್ ನಿಲ್ಲಿಸುತ್ತಿದ್ದ ಯುವಕರಿಗೆ ವಿದ್ಯುತ್ ತಂತಿ ತಗುಲಿತು. ಮೂವರು ಸತ್ತರು. ಇಪ್ಪತ್ತರ ಆಸುಪಾಸಿನವರು, ದುಡಿಯುವ ಮನೆಗಳ ಮಕ್ಕಳು. ಕಟೌಟ್ ನಿಲ್ಲಿಸಿ ಎಂದು ಆ ನಟ ಕೇಳಿರಲಿಲ್ಲ. ಸುದ್ದಿ ತಿಳಿದು ಆ ಮನೆಗಳಿಗೆ ಹೋಗಿ ಬಂದರು. ಒಂದು ರಸಪ್ರಶ್ನೆ ಕಾರ್ಯಕ್ರಮ ಆ ಮೂವರನ್ನು ಕೊಂದಿತೆಂದು ನಾನು ಹೇಳುವುದಿಲ್ಲ. ಆದರೆ ಒಬ್ಬ ಹುಡುಗನಿಗೆ ಚಿಕ್ಕಂದಿನಿಂದ ಮನೆ, ಶಾಲೆ, ಟಿವಿ ಮೂರೂ ಸೇರಿ ತಿಳಿಯಲು ಯೋಗ್ಯವಾದದ್ದು ಇದು, ಪ್ರೀತಿಸಲು ಯೋಗ್ಯವಾದವರು ಇವರು ಎಂದು ಒಂದೇ ಕಡೆ ಬೆರಳು ತೋರಿಸಿದರೆ, ಅವನು ತನ್ನ ಇಪ್ಪತ್ತನೇ ವಯಸ್ಸಿನ ನಿಷ್ಠೆಯನ್ನೆಲ್ಲ ಮತ್ತೆಲ್ಲಿ ತಾನೇ ಇಟ್ಟಾನು? ಲೈಟು ಕಂಬದ ತಂತಿಯ ಎತ್ತರವೆಷ್ಟು, ಕಬ್ಬಿಣದ ಚೌಕಟ್ಟು ಅದಕ್ಕೆ ತಾಕಿದರೆ ಏನಾಗುತ್ತದೆ ಎಂಬ ಎಂಟನೇ ತರಗತಿಯ ವಿಜ್ಞಾನಕ್ಕೆ ಯಾವ ವೇದಿಕೆಯಲ್ಲೂ ಚಪ್ಪಾಳೆ ಬಿದ್ದಿರಲಿಲ್ಲ.

ಟಿವಿಯ ರಸಪ್ರಶ್ನೆಗಳನ್ನು ನಿಷೇಧಿಸಿ ಎಂದು ಕೇಳುವುದಿಲ್ಲ. ನಿಷೇಧಕ್ಕೆ ಬೊಬ್ಬೆ ಹಾಕಿ ಮನೆಗೆ ಹೋಗಿ ನೆಮ್ಮದಿಯಿಂದ ಟಿವಿ ಹಚ್ಚುವುದು ನಮಗೆ ಸುಲಭ. ಮಾಡಬೇಕಾದ ಕೆಲಸ ನಮ್ಮ ಮನೆಯ ಒಳಗಿದೆ. ಮಗು ಸರಿಯುತ್ತರ ಹೇಳಿದಾಗ ‘ಅದು ಯಾಕೆ ಹಾಗೆ?’ ಎಂದು ಇನ್ನೊಂದು ಪ್ರಶ್ನೆ ಕೇಳಬೇಕು. ಕೇಳಬೇಕಾದರೆ ನಮಗೇ ಏನಾದರೂ ಗೊತ್ತಿರಬೇಕು. ಗೊತ್ತಿರಬೇಕಾದರೆ ನಾವೂ ಓದಬೇಕು. ಶಾಲೆಯ ವಾರ್ಷಿಕೋತ್ಸವದ ಸಮಿತಿಯಲ್ಲಿ ಕೂರುವ ಪೋಷಕರು ಪ್ರಶ್ನೆಪತ್ರಿಕೆಯನ್ನು ಒಮ್ಮೆ ತರಿಸಿ ನೋಡಬೇಕು. ಊರಿನ ಕೆರೆ ಕಟ್ಟಿಸಿದವರು ಯಾರು, ನಮ್ಮ ಬೀದಿಯ ನಲ್ಲಿಗೆ ನೀರು ಯಾವ ನದಿಯಿಂದ ಬರುತ್ತದೆ, ಗ್ರಾಮಸಭೆ ವರ್ಷಕ್ಕೆ ಎಷ್ಟು ಸಲ ಸೇರಬೇಕು ಎಂಬ ಪ್ರಶ್ನೆಗಳನ್ನು ಅಲ್ಲಿ ಸೇರಿಸಬೇಕು. ಗೆದ್ದವರಿಗೆ ಪ್ಲಾಸ್ಟಿಕ್ ಕಪ್ಪಿನ ಬದಲು ಪುಸ್ತಕ ಕೊಡಬೇಕು. ಚಂದನದವರು 2002ರಲ್ಲೇ ಮಾಡಿದ್ದನ್ನು ಒಂದು ಪ್ರೌಢಶಾಲೆ ಇಂದು ಮಾಡಲಾರದೆ?

ಸಾಧನಗಳಿಲ್ಲ ಎಂಬ ಮಾತಿಗೂ ಈಗ ಜಾಗವಿಲ್ಲ. 2019ರಲ್ಲಿ ರಾಜ್ಯದ 5,600ಕ್ಕೂ ಹೆಚ್ಚು ಗ್ರಾಮ ಪಂಚಾಯಿತಿ ಗ್ರಂಥಾಲಯಗಳು ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ಇಲಾಖೆಗೆ ಬಂದವು. ‘ಅರಿವು ಕೇಂದ್ರ’ ಎಂಬ ಹೆಸರು ಪಡೆದವು. 2020ರಲ್ಲಿ ‘ಓದುವ ಬೆಳಕು’ ಅಭಿಯಾನ ಶುರುವಾಯಿತು. 6ರಿಂದ 18 ವರ್ಷದ ಯಾವ ಮಗುವಾದರೂ ಅಲ್ಲಿ ಸದಸ್ಯತ್ವ ಪಡೆಯಬಹುದು, ಪುಸ್ತಕವನ್ನು ಮನೆಗೆ ಒಯ್ಯಬಹುದು. ಅದಕ್ಕೆ ಒಂದು ರೂಪಾಯಿಯೂ ಕೊಡಬೇಕಿಲ್ಲ. ಈ ವಾರವೇ ಮಗುವಿನ ಕೈ ಹಿಡಿದು ಅಲ್ಲಿಗೆ ಕರೆದುಕೊಂಡು ಹೋಗಿ, ಹೆಸರು ಬರೆಸಿ ಬನ್ನಿ.